ಗಂಡ ‘ಮಗು ನನ್ನದಲ್ಲ’ ಎಂದರೆ: ಕೊಡಗಿನಲ್ಲಿ ಮಗುವಿನ ಜೀವನಾಂಶ ಕೇಳುವುದು ಹೇಗೆ

ಗಂಡ ‘ಮಗು ನನ್ನದಲ್ಲ’ ಎಂದ ತಕ್ಷಣ ಡಿಎನ್‌ಎ ಪರೀಕ್ಷೆಗೆ ಒಪ್ಪಿಕೊಳ್ಳಬೇಡಿ. ಮೊದಲು ಜೀವನಾಂಶದ ಅರ್ಜಿ ಹಾಕಿ. ದಾಂಪತ್ಯದಲ್ಲಿ ಹುಟ್ಟಿದ ಮಗು ಗಂಡನದೇ ಎಂದು ಕಾನೂನು ನಂಬುತ್ತದೆ. ವಿಚ್ಛೇದನವಾಗಿ 280 ದಿನಗಳೊಳಗೆ, ತಾಯಿ ಮರುಮದುವೆಯಾಗದೆ ಹೆತ್ತ ಮಗುವಿಗೂ ಇದೇ ಮಾತು. ಇದು ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 116. ಹಳೆಯ ಕಾಯ್ದೆಯಲ್ಲಿ 112. ಅಲ್ಲ ಎನ್ನುವವನೇ, ಗರ್ಭ ನಿಂತ ಕಾಲದಲ್ಲಿ ಇಬ್ಬರೂ ಸೇರುವ ಅವಕಾಶವೇ ಇರಲಿಲ್ಲ ಎಂದು ತೋರಿಸಬೇಕು. ‘ಆಗ ನಾನು ಗಡಿಯಲ್ಲಿದ್ದೆ’ ಎನ್ನುವ ಸೈನಿಕನಿದ್ದರೆ ಅವನ ರಜೆಯ ದಿನಾಂಕಗಳೇ ಮುಖ್ಯ. ಆ ಸಮಯದಲ್ಲಿ ಹುತ್ತರಿ ಹಬ್ಬಕ್ಕೋ ಮದುವೆಗೋ ಊರಿಗೆ ಬಂದಿದ್ದರೆ ಫೋಟೊ, ಟಿಕೆಟ್, ಮೆಸೇಜು ತೆಗೆದಿಡಿ.

ಅರ್ಜಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 144ರಡಿ. ಗಂಡ ಬೆಂಗಳೂರಿನಲ್ಲಿದ್ದು ನೀವು ವಿರಾಜಪೇಟೆಯ ತವರಿನಲ್ಲಿದ್ದರೆ ಕೊಡಗಿನಲ್ಲೇ ಹಾಕಬಹುದು. ಮಡಿಕೇರಿಯ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರ ಮಹಿಳೆಯರಿಗೂ ಮಕ್ಕಳಿಗೂ ಆದಾಯ ಎಷ್ಟೇ ಇರಲಿ ಉಚಿತವಾಗಿ ವಕೀಲರನ್ನು ಕೊಡುತ್ತದೆ. ಸಹಾಯವಾಣಿ 15100. ತೋಟದ ಕಾರ್ಮಿಕರ ಲೈನ್ ಮನೆಯಲ್ಲಿರುವವರು ಇದನ್ನು ಖಂಡಿತ ಬಳಸಿಕೊಳ್ಳಬೇಕು.

ಅರ್ಜಿಯಲ್ಲಿ ಮಗುವನ್ನೂ ಅರ್ಜಿದಾರ ಎಂದು ಸೇರಿಸಿ, ಅದಕ್ಕೆ ಬೇಕಾದ ಮೊತ್ತವನ್ನು ಬೇರೆಯಾಗಿಯೇ ಬರೆಸಿ. ಮದುವೆಯೇ ಸಿಂಧುವಲ್ಲ ಎಂದು ತಾಯಿಯ ಬೇಡಿಕೆ ಬಿದ್ದರೂ ಮಗುವಿನದು ಉಳಿಯುತ್ತದೆ. ಜನನ ಪ್ರಮಾಣಪತ್ರ, ತಾಯಿ ಕಾರ್ಡ್, ಮದುವೆಯ ದಾಖಲೆ, ಶಾಲೆ ಮತ್ತು ಔಷಧದ ರಸೀದಿ ಜೊತೆಗಿರಲಿ.

ಇಲ್ಲಿ ಹೆಚ್ಚು ತೊಡಕಾಗುವುದು ಆದಾಯದ ಲೆಕ್ಕ. ಜಮ್ಮಾ ಜಮೀನಿನ (ಕೊಡಗಿನ ಕುಟುಂಬಗಳು ಪರಂಪರೆಯಿಂದ ಹೊಂದಿರುವ ಭೂಮಿ) ಪಹಣಿ ಅನೇಕ ಕಡೆ ಪಟ್ಟೆದಾರರ, ಅಂದರೆ ಕುಟುಂಬದ ಯಜಮಾನರ, ಹೆಸರಿನಲ್ಲಿರುವುದರಿಂದ ‘ನನ್ನ ಹೆಸರಲ್ಲಿ ಏನೂ ಇಲ್ಲ’ ಎಂಬ ಉತ್ತರ ಬರುತ್ತದೆ. ಪಹಣಿಯೊಂದನ್ನೇ ನೆಚ್ಚಿಕೊಂಡರೆ ಸೋಲುತ್ತೀರಿ. ಒಕ್ಕದಲ್ಲಿ (ಕೂಡು ಮನೆತನದಲ್ಲಿ) ಅವನ ಪಾಲಿನ ತೋಟವನ್ನು ಯಾರು ನೋಡಿಕೊಳ್ಳುತ್ತಾರೆ, ಕಾಫಿ ಮತ್ತು ಕರಿಮೆಣಸು ಮಾರಿದ ಬಿಲ್ ಯಾರ ಹೆಸರಿಗಿದೆ, ಹಣ ಯಾವ ಖಾತೆಗೆ ಬಿದ್ದಿದೆ ಎಂದು ಹುಡುಕಿ. ರಜನೀಶ್ ವಿರುದ್ಧ ನೇಹಾ ಪ್ರಕರಣದ ಸುಪ್ರೀಂ ಕೋರ್ಟಿನ 2020ರ ತೀರ್ಪಿನಂತೆ ಇಬ್ಬರೂ ಆಸ್ತಿ, ಆದಾಯ, ಸಾಲದ ಪ್ರಮಾಣಪತ್ರ (ಅಫಿಡವಿಟ್) ಸಲ್ಲಿಸಬೇಕು. ಅವನು ಮುಚ್ಚಿಟ್ಟದ್ದನ್ನು ನಿಮ್ಮ ವಕೀಲರು ಪಾಟೀಸವಾಲಿನಲ್ಲಿ ಕೇಳಲಿ.

ಮಧ್ಯಂತರ ಜೀವನಾಂಶವನ್ನು, ಅಂದರೆ ತೀರ್ಪು ಬರುವವರೆಗಿನ ಜೀವನಾಂಶವನ್ನು, ಮೊದಲ ದಿನವೇ ಕೇಳಿ. ನೋಟಿಸ್ ಜಾರಿಯಾದ 60 ದಿನಗಳೊಳಗೆ ಅದನ್ನು ಆದಷ್ಟು ಇತ್ಯರ್ಥಪಡಿಸಬೇಕೆಂದು ಕಾನೂನೇ ಹೇಳುತ್ತದೆ.

ಡಿಎನ್‌ಎ ಪರೀಕ್ಷೆಯನ್ನು ಗಂಡ ಕೇಳಿದ ಮಾತ್ರಕ್ಕೆ ನ್ಯಾಯಾಲಯ ಆದೇಶಿಸುವುದಿಲ್ಲ, 2023ರಲ್ಲೂ ಸುಪ್ರೀಂ ಕೋರ್ಟ್ ಇದನ್ನೇ ಹೇಳಿದೆ. ಆದರೆ ಒಮ್ಮೆ ಆದೇಶವಾಗಿ ‘ಅವನು ತಂದೆಯಲ್ಲ’ ಎಂಬ ವರದಿ ಬಂದರೆ ಕಾನೂನಿನ ನಂಬಿಕೆಗಿಂತ ವಿಜ್ಞಾನವೇ ಮೇಲು ಎಂದು 2014ರ ತೀರ್ಪಿದೆ. ಆದೇಶವಾದ ಮೇಲೆ ನಿರಾಕರಿಸುವವರ ವಿರುದ್ಧ ನ್ಯಾಯಾಲಯ ತೀರ್ಮಾನಕ್ಕೆ ಬರಬಹುದು. ಗುಟ್ಟಾಗಿ ಕೂದಲು ಕಳಿಸಿ ಮಾಡಿಸಿದ ಖಾಸಗಿ ವರದಿಯಲ್ಲಿ ಮಾದರಿ ಯಾರದೆಂಬುದನ್ನೇ ಸಾಬೀತುಪಡಿಸುವುದು ಕಷ್ಟ.

ಮದುವೆಯಾಗದ ತಾಯಿಗೆ ಲೆಕ್ಕ ತಿರುಗುಮುರುಗು. ಅವನೇ ತಂದೆ ಎಂದು ನೀವೇ ತೋರಿಸಬೇಕು, ಆಗ ಡಿಎನ್‌ಎ ನಿಮ್ಮ ಆಯುಧ. ಅರ್ಜಿಯನ್ನು ಅವನಿರುವ ಅಥವಾ ಇಬ್ಬರೂ ಕೊನೆಗೆ ಜೊತೆಯಿದ್ದ ಜಿಲ್ಲೆಯಲ್ಲಿ ಹಾಕಿ.

ಆದೇಶವಾದರೂ ಹಣ ಬರದಿದ್ದರೆ, ಬಾಕಿಯಾದ ದಿನದಿಂದ ಒಂದು ವರ್ಷದೊಳಗೆ ವಸೂಲಿ ಅರ್ಜಿ ಹಾಕಿ. ಹಬ್ಬ ಕಳೆಯಲಿ, ಕಾಫಿ ಕುಯ್ಲು ಮುಗಿಯಲಿ ಎಂದು ಹಿರಿಯರ ಮಾತಿಗೆ ಕಾದು ಕುಳಿತರೆ ಹಳೆಯ ತಿಂಗಳುಗಳ ಬಾಕಿಗೆ ವಾರಂಟ್ ಸಿಗುವುದಿಲ್ಲ.