ಸುಕ್ಕುಗಟ್ಟಿದ ಕಾಲನಿಗಳು ಮತ್ತು ಸಿನ್‌ಆರ್: ನನ್ನ ಅನುಭವ

ಬ್ಯಾಕ್ಟೀರಿಯಾಗಳು ಒಟ್ಟಾಗಿ ಅಂಟಿಕೊಂಡು ಕಟ್ಟುವ ಪದರವೇ ಬಯೋಫಿಲ್ಮ್; ಅದು ಕಟ್ಟದಂತೆ ತಡೆಯುವ ಒಂದು ಪ್ರೋಟೀನ್ ಸಿನ್‌ಆರ್. ಬಯೋಫಿಲ್ಮ್ ಕೆಲಸ ಶುರು ಮಾಡುತ್ತೇನೆ ಅಂತ ಯಾರಾದರೂ ಬಂದರೆ, ಯಾವ ಸ್ಟ್ರೇನ್ (ಒಂದೇ ಬ್ಯಾಕ್ಟೀರಿಯಾದ ಒಳತಳಿ) ಇಟ್ಟುಕೊಂಡಿದ್ದೀರಿ ಅಂತ ಮೊದಲು ಕೇಳುತ್ತೇನೆ. ನಾನು ಕೆಲಸ ಮಾಡಿದ್ದು ಬ್ಯಾಸಿಲಸ್ ಸಬ್ಟಿಲಿಸ್ ಮೇಲೆ. ಮಣ್ಣಿನಲ್ಲಿ, ಗಿಡದ ಬೇರಿನ ಮೇಲೆ ಸಿಗುವ ಬ್ಯಾಕ್ಟೀರಿಯಾ. ಲ್ಯಾಬ್‌ಗಳಲ್ಲಿ ಜಾಸ್ತಿ ಬಳಸುವುದು ಇದರ 168 ಅನ್ನುವ ಸ್ಟ್ರೇನ್. ಹೊರಗಿನ ಡಿಎನ್‌ಎಯನ್ನು ಸಲೀಸಾಗಿ ಒಳಗೆ ಎಳೆದುಕೊಳ್ಳುತ್ತದೆ, ಹಾಗಾಗಿ ಎಲ್ಲರಿಗೂ ಇಷ್ಟ. ಆದರೆ ಅದರಲ್ಲಿ ಬಯೋಫಿಲ್ಮ್‌ಗೆ ಬೇಕಾದ ಕೆಲವು ಜೀನ್‌ಗಳು ಕೆಟ್ಟಿವೆ. ಕಾಲನಿ, ಅಂದರೆ ಪ್ಲೇಟ್ ಮೇಲೆ ಬೆಳೆಯುವ ಬ್ಯಾಕ್ಟೀರಿಯಾ ಗುಂಪು, ಚಪ್ಪಟೆಯಾಗಿ ಬರುತ್ತದೆ. ನಮಗೆ ಬೇಕಾದದ್ದು ಕಾಡು ಗುಣ ಉಳಿಸಿಕೊಂಡ ಎನ್‌ಸಿಐಬಿ 3610 ಅನ್ನುವ ಸ್ಟ್ರೇನ್.

ತೊಂದರೆ ಏನೆಂದರೆ, 3610 ಹೊರಗಿನ ಡಿಎನ್‌ಎಯನ್ನು ಸುಲಭಕ್ಕೆ ಒಳಗೆ ಬಿಟ್ಟುಕೊಳ್ಳುವುದಿಲ್ಲ. ಅದರ ಪ್ಲಾಸ್ಮಿಡ್ (ಮುಖ್ಯ ಡಿಎನ್‌ಎಯಿಂದ ಬೇರೆಯಾಗಿರುವ ಚಿಕ್ಕ ಡಿಎನ್‌ಎ) ಮಾಡಿಸುವ ಕಾಮ್‌ಐ ಅನ್ನುವ ಪ್ರೋಟೀನ್ ಅಡ್ಡ ಬರುತ್ತದೆ. ಹಾಗಾಗಿ ನಾನು ಮ್ಯೂಟೆಂಟ್‌ಗಳನ್ನು (ಜೀನ್ ಬದಲಿಸಿದ ಸ್ಟ್ರೇನ್‌ಗಳನ್ನು) ಮೊದಲು 168ರಲ್ಲಿ ಮಾಡಿ, ಆಮೇಲೆ ಎಸ್‌ಪಿಪಿ1 ಅನ್ನುವ ಫೇಜ್ (ಬ್ಯಾಕ್ಟೀರಿಯಾಕ್ಕೆ ಹತ್ತುವ ವೈರಸ್) ಮೂಲಕ 3610ಕ್ಕೆ ಸಾಗಿಸುತ್ತಿದ್ದೆ. ಪ್ಲೇಟ್‌ಗೆ ಸಿಟ್ರೇಟ್ ಹಾಕಲೇಬೇಕು. ಇಲ್ಲದಿದ್ದರೆ ಫೇಜ್ ಮತ್ತೆ ಮತ್ತೆ ಅಂಟಿಕೊಂಡು, ಬೇಕಾದ ಕಾಲನಿಗಳನ್ನೂ ಕೊಂದುಬಿಡುತ್ತದೆ.

ಬೆಳೆಸಿದ್ದು ಎಂಎಸ್‌ಜಿಜಿ ಅನ್ನುವ ಪೋಷಕ ದ್ರವದಲ್ಲಿ. ಗ್ಲಿಸರಾಲ್, ಗ್ಲುಟಮೇಟ್ ತಲಾ 0.5%, ಜೊತೆಗೆ ಮ್ಯಾಂಗನೀಸ್, ಕಬ್ಬಿಣ ಇತ್ಯಾದಿ. ಕಬ್ಬಿಣದ ದ್ರಾವಣವನ್ನು ಹೊಸದಾಗಿ ಮಾಡಿಕೊಳ್ಳುವುದು ಒಳ್ಳೆಯದು. 30 ಡಿಗ್ರಿಯಲ್ಲಿ ಅಲುಗಾಡಿಸದೆ ಇಟ್ಟರೆ, ಎರಡು ಮೂರು ದಿನದಲ್ಲಿ ದ್ರವದ ಮೇಲೆ ಹಾಲಿನ ಕೆನೆಯ ಹಾಗೆ ಸುಕ್ಕುಸುಕ್ಕಾದ ಪದರ ಕಟ್ಟುತ್ತದೆ.

ಈ ಪದರವನ್ನು ಹಿಡಿದಿಡುವುದು ಮುಖ್ಯವಾಗಿ ಎರಡು ವಸ್ತು: ಎಪ್ಸ್ ಜೀನ್‌ಗಳು ಮಾಡುವ ಸಕ್ಕರೆ ಸರಪಳಿ ಮತ್ತು ಟಾಸ್‌ಎ ಅನ್ನುವ ನಾರಿನಂಥ ಪ್ರೋಟೀನ್. ಎರಡರ ಜೀನ್‌ಗಳ ಮೇಲೂ ಸಿನ್‌ಆರ್ ಕೂತು ಅವು ಓಡದಂತೆ ತಡೆಯುತ್ತದೆ. ಸಿನ್‌ಐ ಅನ್ನುವ ಇನ್ನೊಂದು ಚಿಕ್ಕ ಪ್ರೋಟೀನ್ ಬಂದು ಸಿನ್‌ಆರ್‌ಗೆ ಅಂಟಿಕೊಂಡರೆ ತಡೆ ಸಡಿಲವಾಗುತ್ತದೆ. ಸಿನ್‌ಐ ಜೀನನ್ನು ಎಬ್ಬಿಸುವುದು ಫಾಸ್ಫೇಟ್ ಹೊತ್ತ ಸ್ಪೋ-ಜೀರೋ-ಎ ಅನ್ನುವ ಪ್ರೋಟೀನ್. ಬೀಜಾಣು ಕಟ್ಟುವ ತೀರ್ಮಾನವೂ ಅದರದ್ದೇ.

ಇದನ್ನೆಲ್ಲ ಓದಿ ತಿಳಿಯುವುದಕ್ಕಿಂತ ಪ್ಲೇಟ್ ಮೇಲೆ ನೋಡಿದರೆ ಬೇಗ ಅರ್ಥವಾಗುತ್ತದೆ. ಸಿನ್‌ಐ ತೆಗೆದ ಸ್ಟ್ರೇನ್ ಚಪ್ಪಟೆ. ಸಿನ್‌ಆರ್ ತೆಗೆದದ್ದು ವಿಪರೀತ ಸುಕ್ಕು. ಎರಡನ್ನೂ ತೆಗೆದರೆ? ಸಿನ್‌ಆರ್ ತೆಗೆದ ಹಾಗೇ ಕಾಣುತ್ತದೆ. ಅಂದರೆ ಸಿನ್‌ಐಗೆ ಇಲ್ಲಿರುವ ಕೆಲಸವೇ ಸಿನ್‌ಆರ್ ಅನ್ನು ಸುಮ್ಮನಾಗಿಸುವುದು. ಮೂರು ಕಾಲನಿ ಪಕ್ಕಪಕ್ಕ ಇಟ್ಟರೆ ಸಾಕು. ದುಬಾರಿ ಉಪಕರಣ ಇಲ್ಲದ ಕಾಲೇಜಿನಲ್ಲೂ ಇಷ್ಟು ತೋರಿಸಬಹುದು, ಅಲ್ವಾ?

ನನ್ನನ್ನು ಜಾಸ್ತಿ ಹೊತ್ತು ಕಾಡಿದ್ದು ಬೇರೆ ವಿಷಯ. ಸಿನ್‌ಆರ್ ಹೆಚ್ಚೂಕಡಿಮೆ ಎಲ್ಲ ಕೋಶಗಳಲ್ಲೂ ಇರುತ್ತದೆ. ಸಿನ್‌ಐ ಜೀನ್ ಚುರುಕಾಗುವುದು ಕೆಲವೇ ಕೋಶಗಳಲ್ಲಿ. ಟಾಸ್‌ಎ ಜೀನ್‌ಗಳ ಪ್ರಮೋಟರ್‌ಗೆ (ಜೀನನ್ನು ಓಡಿಸುವ ಸ್ವಿಚ್ಚಿನಂಥ ಡಿಎನ್‌ಎ ಭಾಗ) ಹೊಳೆಯುವ ಪ್ರೋಟೀನಿನ ಜೀನ್ ಜೋಡಿಸಿ ಮೈಕ್ರೋಸ್ಕೋಪ್‌ನಲ್ಲಿ ನೋಡಿದರೆ ಇದು ಎದ್ದು ಕಾಣುತ್ತದೆ: ಅಲ್ಲೊಂದು ಇಲ್ಲೊಂದು ಹೊಳೆಯುವ ಕೋಶಗಳ ಸರಪಳಿ, ಸುತ್ತ ಕಪ್ಪಗೆ ಉಳಿದ ಕೋಶಗಳು. ಕೆಲವರು ಮಾಡಿ ಹೊರಗೆ ಬಿಟ್ಟ ಅಂಟು ಅಕ್ಕಪಕ್ಕದವರಿಗೂ ಸಿಗುತ್ತದೆ. ಬೀಟಾ-ಗ್ಯಾಲಕ್ಟೋಸಿಡೇಸ್ ಅಳತೆಯಲ್ಲಿ (ಜೀನ್ ಎಷ್ಟು ಚುರುಕು ಅಂತ ಒಂದು ಕಿಣ್ವದ ಮೂಲಕ ಇಡೀ ಗುಂಪಿನಲ್ಲಿ ಅಳೆಯುವ ವಿಧಾನ) ಇದೆಲ್ಲ ಕಲಸಿ ಒಂದೇ ಸರಾಸರಿಯಾಗಿ ಬರುತ್ತದೆ. ಆ ಸರಾಸರಿಯನ್ನು ನಾನು ಈಗ ಅಷ್ಟಾಗಿ ನಂಬುವುದಿಲ್ಲ.

ಆ ಕೋಶಗಳು ಸರಪಳಿಯಾಗಿ ಯಾಕೆ ಇರುತ್ತವೆ ಅಂದರೆ, ಅಲ್ಲಿ ಸ್ಲರ್‌ಆರ್ ಅನ್ನುವ ಮತ್ತೊಂದು ಪ್ರೋಟೀನ್ ಬರುತ್ತದೆ. ಇದರ ಜೀನನ್ನೂ ಸಿನ್‌ಆರ್ ತಡೆಯುತ್ತದೆ. ಒಮ್ಮೆ ಸ್ಲರ್‌ಆರ್ ಹೆಚ್ಚಾಯಿತೋ, ಅದು ಸಿನ್‌ಆರ್ ಅನ್ನೇ ಹಿಡಿದುಕೊಳ್ಳುತ್ತದೆ. ಜೋಡಿಯಾಗಿ ಅವೆರಡೂ ಈಜುವ ಬಾಲದ ಜೀನ್‌ಗಳನ್ನೂ, ಕೋಶಗಳನ್ನು ಬೇರ್ಪಡಿಸುವ ಕಿಣ್ವಗಳ ಜೀನ್‌ಗಳನ್ನೂ ಅಡಗಿಸುತ್ತವೆ. ಕೋಶಗಳು ಈಜುವುದನ್ನು ಬಿಟ್ಟು, ಒಂದಕ್ಕೊಂದು ಅಂಟಿಕೊಂಡೇ ಉಳಿಯುತ್ತವೆ.

ಈ ಕೆಲಸಕ್ಕೆ ಕೈಹಾಕುವವರಿಗೆ ಎರಡು ಮಾತು. ಸಿನ್‌ಆರ್ ಇಲ್ಲದ ಸ್ಟ್ರೇನ್ ದ್ರವದಲ್ಲಿ ಗಂಟುಗಂಟಾಗಿ ಬೆಳೆಯುತ್ತದೆ, ಹಾಗಾಗಿ ದ್ರವದ ಮಬ್ಬು ನೋಡಿ ಕೋಶಗಳ ಲೆಕ್ಕ ಹಾಕುವ ಒ.ಡಿ. (OD) ಅಳತೆ ಸುಳ್ಳು ಹೇಳುತ್ತದೆ. ಹಗುರವಾಗಿ ಸೋನಿಕೇಟ್ ಮಾಡಿ (ಶಬ್ದತರಂಗ ಹಾಯಿಸಿ) ಬಿಡಿಸಿಕೊಂಡೇ ಅಳೆಯಿರಿ. ಮತ್ತೆ, ಅದನ್ನು ಪ್ಲೇಟ್‌ನಿಂದ ಪ್ಲೇಟ್‌ಗೆ ಹಾಯಿಸುತ್ತಾ ಹೋಗಬೇಡಿ. ಎಪ್ಸ್ ಜೀನ್ ಕೆಟ್ಟ ನುಣುಪು ಕಾಲನಿಗಳು ನಡುವೆ ಸೇರಿಕೊಳ್ಳುತ್ತವೆ. ಪ್ರತಿ ಸಲ −80 ಡಿಗ್ರಿ ಫ್ರೀಜರ್‌ನ ಸ್ಟಾಕ್‌ನಿಂದಲೇ ಗೀರಿ, ಸುಕ್ಕು ಇದೆಯಾ ನೋಡಿ, ಆಮೇಲೆ ಪ್ರಯೋಗಕ್ಕೆ ಇಳಿಯಿರಿ.