ಲೋರಿಯೋ ಅವರನ್ನು ನೋಡಲು ಎಲ್ಲಿಂದ ಶುರು ಮಾಡಬೇಕು

ಜರ್ಮನ್ ಕಲಿಯುತ್ತಿದ್ದಾಗ ನಾನು ಜರ್ಮನಿಯ ಹಾಸ್ಯ ಕಲಾವಿದ ಲೋರಿಯೋ ಅವರ ಸಿನಿಮಾವನ್ನೇ ನೇರವಾಗಿ ಹಾಕಿಕೊಂಡು ಕೂತಿದ್ದೆ. ಮಾತು ಅರ್ಧಂಬರ್ಧ ತಿಳಿಯಿತು, ನಗು ಬರಲಿಲ್ಲ. ನೀವು ಹಾಗೆ ಮಾಡಬೇಡಿ. ಅವರು ಚಿಕ್ಕದರಿಂದ ದೊಡ್ಡದಕ್ಕೆ ಬಂದವರು, ನಾವೂ ಹಾಗೇ ಹೋಗೋಣ.

ಅವರ ನಿಜವಾದ ಹೆಸರು ವಿಕ್ಕೊ ಫಾನ್ ಬ್ಯೂಲೊ. ಹುಟ್ಟಿದ್ದು 1923ರಲ್ಲಿ. ‘ಲೋರಿಯೋ’ ಅಂದರೆ ಫ್ರೆಂಚಿನಲ್ಲಿ ಹೊನ್ನಕ್ಕಿ, ಅವರ ಮನೆತನದ ಲಾಂಛನದಲ್ಲಿರುವ ಹಕ್ಕಿ. ಯುದ್ಧ ಮುಗಿದ ಮೇಲೆ ಕೆಲಕಾಲ ಮರ ಕಡಿದರು, ಆಮೇಲೆ ಹ್ಯಾಂಬರ್ಗ್‌ನಲ್ಲಿ ಚಿತ್ರಕಲೆ ಕಲಿತರು. 1953ರಲ್ಲಿ ‘ಸ್ಟೆರ್ನ್’ ಪತ್ರಿಕೆಗೆ ವ್ಯಂಗ್ಯಚಿತ್ರ ಬರೆದರು. ಅದರಲ್ಲಿ ನಾಯಿಗಳು ಯಜಮಾನರು, ಮನುಷ್ಯರು ಸಾಕುಪ್ರಾಣಿಗಳು. ಓದುಗರು ಸಿಟ್ಟಾದರು, ಸರಣಿ ನಿಂತುಹೋಯಿತು.

ನೀವು ಶುರು ಮಾಡಬೇಕಾದದ್ದು 1976ರಿಂದ 1978ರವರೆಗೆ ರೇಡಿಯೊ ಬ್ರೆಮೆನ್ ಎಂಬ ಪ್ರಸಾರ ಸಂಸ್ಥೆಗಾಗಿ ಮಾಡಿದ ಟಿವಿ ಸರಣಿಯಿಂದ. ಇರುವುದೇ ಆರು ಕಂತು. ಮೊದಲು ಗೋಡೆಯ ಚಿತ್ರದ ತುಣುಕು ನೋಡಿ. ಅದಕ್ಕೆ ಭಾಷೆಯೇ ಬೇಡ. ಒಬ್ಬ ಕೋಣೆಯಲ್ಲಿ ಕಾಯುತ್ತಿದ್ದಾನೆ, ಚಿತ್ರ ಸ್ವಲ್ಪ ವಾರೆಯಾಗಿದೆ. ಸರಿ ಮಾಡಲು ಹೋಗುತ್ತಾನೆ. ಒಂದು ಬೀಳುತ್ತದೆ, ಅದನ್ನು ಎತ್ತಲು ಹೋದರೆ ಇನ್ನೊಂದು. ಕೋಣೆಯೆಲ್ಲ ಹಾಳಾದ ಮೇಲೆ ಹೇಳುವುದು ಇಷ್ಟೇ: ಚಿತ್ರ ವಾರೆಯಾಗಿದೆ.

ಆಮೇಲೆ ನೂಡಲ್ ತುಣುಕು. ಇದನ್ನು ಎರಡು ಸಲ ನೋಡಿ. ಹೋಟೆಲಿನಲ್ಲಿ ಒಬ್ಬ ತನ್ನ ಪ್ರೀತಿ ಹೇಳಿಕೊಳ್ಳುತ್ತಿದ್ದಾನೆ, ಮುಖದ ಮೇಲೆ ಒಂದು ನೂಡಲ್ ಅಂಟಿಕೊಂಡು ಜಾಗ ಬದಲಿಸುತ್ತಲೇ ಇದೆ. ಎರಡನೇ ಸಲ ನೂಡಲ್ ಬಿಟ್ಟು ಎದುರಿಗೆ ಕೂತ ನಟಿ ಎವೆಲಿನ್ ಹಾಮನ್ ಅವರ ಮುಖ ನೋಡಿ. ಹೇಳಲೋ ಬೇಡವೋ ಅನ್ನುವ ಆ ಸಂಕಟ! ಕಿವಿಯನ್ನೂ ತೆರೆದಿಡಿ. ಪ್ರೀತಿ ಹೇಳುವಾಗಲೂ ಅವನು ಅವಳನ್ನು ‘ಜೀ’ ಅನ್ನುತ್ತಾನೆ, ಅಂದರೆ ‘ನೀವು’. ‘ಹಿಲ್ಡೆಗಾರ್ಡ್, ಈಗ ನೀವು ಏನೂ ಹೇಳಬೇಡಿ.’ ನನಗೆ ಲೋರಿಯೋ ಅರ್ಥವಾದದ್ದು ಇಲ್ಲೇ. ಅವರ ಜನ ಮರ್ಯಾದೆಯನ್ನು ಬಿಡುವುದೇ ಇಲ್ಲ, ನಗು ಹುಟ್ಟುವುದು ಅದರಿಂದಲೇ. ನೀನು–ನೀವು ನಡುವಿನ ದೂರ ಕನ್ನಡದವರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ, ಅಲ್ವಾ? ಅದಕ್ಕೇ ಸಬ್‌ಟೈಟಲ್ ಓದುತ್ತಲೇ ‘ಜೀ’ ಎಲ್ಲೆಲ್ಲಿ ಬರುತ್ತದೆ ಅಂತ ಕಿವಿಗೊಡಿ.

ಈಗ ಸ್ನಾನದ ತೊಟ್ಟಿಯ ಕಾರ್ಟೂನ್ ಹಾಕಿ. ಹೋಟೆಲಿನ ಒಂದೇ ತೊಟ್ಟಿಯಲ್ಲಿ ಬೆತ್ತಲೆ ಕೂತ ಇಬ್ಬರು ಅಪರಿಚಿತರು ಶಿಷ್ಟಾಚಾರದಿಂದ ಪರಿಚಯ ಮಾಡಿಕೊಳ್ಳುತ್ತಾರೆ. ಆಮೇಲೆ ರಬ್ಬರ್ ಬಾತು ನೀರಿಗಿಳಿಯಬೇಕೋ ಬೇಡವೋ ಅಂತ ಜಗಳ. ಅಲ್ಲೂ ‘ಡಾಕ್ಟರ್’ ಪದವಿ ತಪ್ಪುವುದಿಲ್ಲ.

ಇಷ್ಟಾದ ಮೇಲೆ ಸಿನಿಮಾ. ಎರಡೇ ಇವೆ. ಎರಡಕ್ಕೂ ಬರಹ, ನಿರ್ದೇಶನ, ಮುಖ್ಯ ಪಾತ್ರ ಅವರದೇ, ಜೊತೆಗೆ ಹಾಮನ್. 1988ರ ‘ಓಡಿಪುಸ್ಸಿ’ ಬಂದಾಗ ಅವರಿಗೆ 64. ಅದು ಅಮ್ಮನ ಸೆರಗು ಬಿಡದ ಮಧ್ಯವಯಸ್ಕ ಪೀಠೋಪಕರಣ ವ್ಯಾಪಾರಿಯ ಕಥೆ. ನನಗೆ ಜಾಸ್ತಿ ಇಷ್ಟ 1991ರ ‘ಪಾಪಾ ಆಂಟೆ ಪೋರ್ಟಾಸ್’. ನಿವೃತ್ತನಾದ ಖರೀದಿ ಅಧಿಕಾರಿ ಮನೆಯನ್ನೂ ಕಂಪನಿಯಂತೆ ನಡೆಸಲು ಹೊರಟು, ರಿಯಾಯಿತಿಗಾಗಿ ಸಾಸಿವೆ ಸಾಸ್ ರಾಶಿ ರಾಶಿ ತರುತ್ತಾನೆ. ಹೆಂಡತಿಯ ಮೌನವನ್ನು ಗಮನಿಸಿ. ಆ ನೂಡಲ್ ಎದುರಿನ ಮುಖವೇ ಇಲ್ಲೂ ಇದೆ.

ಲೋರಿಯೋ 2011ರಲ್ಲಿ ತೀರಿಕೊಂಡರು. ಸಮಾಧಿ ಬರ್ಲಿನ್‌ನಲ್ಲಿದೆ. ಅದರ ಮೇಲೆ ಜನ ಇಂದಿಗೂ ರಬ್ಬರ್ ಬಾತುಗಳನ್ನು ಇಟ್ಟು ಹೋಗುತ್ತಾರೆ.