ಮುಂಬಯಿಯ ಸ್ಕಾಟಿಷ್ ವರ್ತಕನ ಜೀವನಚರಿತ್ರೆ ಬರೆಯುವವರಿಗೆ

ಮೊದಲು ಫೋರ್ಬ್ಸ್ ಎಂಬ ಹೆಸರಿನ ಗೊಂದಲ ಬಿಡಿಸಿಕೊಳ್ಳಿ. 1767ರಲ್ಲಿ ಇಲ್ಲಿ ಫೋರ್ಬ್ಸ್ ಕಂಪನಿ ಶುರುಮಾಡಿದವನು ಅಬರ್ಡೀನ್‌ಶೈರಿನ ಜಾನ್ ಫೋರ್ಬ್ಸ್. ಟೌನ್‌ಹಾಲ್‌ನಲ್ಲಿರುವ ಪ್ರತಿಮೆ ಅವನದಲ್ಲ, ಸಹೋದರನ ಮಗ ಚಾರ್ಲ್ಸ್‌ನದು. ಅದೇ ಕಾಲದಲ್ಲಿ ಮುಂಬಯಿಯಲ್ಲಿದ್ದ ಜೇಮ್ಸ್ ಫೋರ್ಬ್ಸ್ ಲಂಡನ್ನಿನಲ್ಲಿ ಹುಟ್ಟಿದ ಈಸ್ಟ್ ಇಂಡಿಯಾ ಕಂಪನಿ ನೌಕರ.

ಸ್ಮಾರಕಗಳನ್ನು ನೋಡಲು ಮಾಟುಂಗಾ, ಡೊಂಬಿವಲಿ ಕಡೆಯವರು ಸಿಎಸ್‌ಎಂಟಿ ರೈಲು ನಿಲ್ದಾಣದಲ್ಲಿ ಇಳಿದು ಹಾರ್ನಿಮನ್ ಸರ್ಕಲ್‌ವರೆಗೆ ನಡೆದರಾಯಿತು. ಅಲ್ಲಿನ ಸೇಂಟ್ ಥಾಮಸ್ ಚರ್ಚಿನ ಸ್ಮಾರಕ ಫಲಕಗಳಲ್ಲಿ ಹೊಗಳಿಕೆಯೇ ಹೆಚ್ಚು. ತಾರೀಖನ್ನಷ್ಟೇ ಗುರುತು ಹಾಕಿಕೊಂಡು ದಾಖಲೆಯೊಂದಿಗೆ ತಾಳೆ ನೋಡಿ.

ತಾರೀಖಿನಲ್ಲೇ ಬಹಳ ಜನ ಎಡವುತ್ತಾರೆ. 1752ಕ್ಕೆ ಮೊದಲು ಇಂಗ್ಲಿಷರ ಹೊಸ ವರ್ಷ ಮಾರ್ಚ್ 25ಕ್ಕೆ; ಸ್ಕಾಟ್ಲೆಂಡಿನಲ್ಲಿ 1600ರಿಂದಲೇ ಜನವರಿ 1ಕ್ಕೆ. ಹೀಗಾಗಿ ಫೆಬ್ರವರಿಯ ಒಂದೇ ದಿನ ಇಂಗ್ಲಿಷ್ ಕಾಗದದಲ್ಲಿ 1740, ಸ್ಕಾಟಿಷ್ ಚರ್ಚಿನ ಪುಸ್ತಕದಲ್ಲಿ 1741. ನೀವು 1740/41 ಎಂದೇ ಬರೆಯಿರಿ.

ಆ ಕಾಲದ ಮುಂಬಯಿ ಲೆಕ್ಕದ ಪುಸ್ತಕದ ಮೂರು ಕಾಲಮ್ಮುಗಳು ರೂಪಾಯಿ, ಕ್ವಾರ್ಟರ್, ರೀಸ್. ನಾಲ್ಕು ಕ್ವಾರ್ಟರಿಗೆ ಒಂದು ರೂಪಾಯಿ, ನೂರು ರೀಸಿಗೆ ಒಂದು ಕ್ವಾರ್ಟರ್. 12–2–50 ಎಂದಿದ್ದರೆ ಹನ್ನೆರಡು ರೂಪಾಯಿ ಹತ್ತಾಣೆ. ಹತ್ತಿಯ ತೂಕದ ಅಳತೆ ಖಂಡಿ: ಸೂರತ್ ಖಂಡಿ 784 ಪೌಂಡ್, ಮುಂಬಯಿ ಖಂಡಿ 560. ಇದನ್ನು ಬೆರೆಸಿದರೆ ವ್ಯಾಪಾರದ ಅಂದಾಜೇ ತಲೆಕೆಳಗು.

ನಿಮ್ಮ ವರ್ತಕ ನಗರದ ಮುಖಂಡನಾಗಿದ್ದನೇ ಎಂದು ತಿಳಿಯಲು ಮೇಯರ್ಸ್ ಕೋರ್ಟಿನ ದಾಖಲೆ ನೋಡಿ. 1726ರ ಸನದಿನಂತೆ ಒಬ್ಬ ಮೇಯರ್, ಒಂಬತ್ತು ಆಲ್ಡರ್‌ಮನ್‌ಗಳು (ನಗರದ ಹಿರಿಯ ಸದಸ್ಯರು). ಅವರ ಮುಖ್ಯ ಕೆಲಸ ವ್ಯಾಜ್ಯ ಮತ್ತು ಉಯಿಲು. 1798ರಲ್ಲಿ ಅದರ ಜಾಗಕ್ಕೆ ರೆಕಾರ್ಡರ್ಸ್ ಕೋರ್ಟ್ ಬಂತು. ಉಯಿಲನ್ನು ಮಾತ್ರ ಬಿಡಲೇಬೇಡಿ: ಸಾಲಗಾರರು, ಪಾಲುದಾರರು, ಮನೆಯವರು ಒಟ್ಟಿಗೆ ಸಿಗುವುದು ಅಲ್ಲೇ.